ಹಾಡುವವನ ಪಕ್ಕದಲ್ಲಿ ನಿಂತವನು

ಜಾರ್ಜ್‌ಟೌನಿನಲ್ಲಿ ನಮ್ಮ ಪಕ್ಕದ ಮನೆಯಾತ ಒಂದು ಕಾಲಕ್ಕೆ ಇಂಗ್ಲೆಂಡಿನ ರಾಕ್ ಬ್ಯಾಂಡೊಂದರಲ್ಲಿ ಬೇಸ್ ಗಿಟಾರ್ ನುಡಿಸುತ್ತಿದ್ದವನು. ಇದು ನನಗೆ ಗೊತ್ತಾಗಿದ್ದೇ ನಾವು ದೇಶ ಬಿಟ್ಟು ಬಂದು ಇಲ್ಲಿ ಮನೆ ಮಾಡಿ ಎಷ್ಟೋ ವರ್ಷ ಆದಮೇಲೆ. ಅಲ್ಲಿಯವರೆಗೆ ನನ್ನ ಪಾಲಿಗೆ ಆತ ಚಳಿಗಾಲದಲ್ಲಿ ನನಗಿಂತ ಮುಂಚೆ ಎದ್ದು, ತನ್ನ ಮನೆ ಮುಂದಿನ ಡ್ರೈವ್‌ವೇ ಜೊತೆ ನನ್ನದರ ಹಿಮವನ್ನೂ ತೆಗೆದು, ಹೆಂಡತಿಯೆದುರು ನನ್ನ ಮಾನ ಕಳೆಯುವ ಮುದುಕ, ಅಷ್ಟೇ.

ಧಾರವಾಡದಿಂದ ಅವ್ವ ಬಂದ ಬೇಸಿಗೆಯಲ್ಲಿ ಆತನನ್ನು ಚಹಾಕ್ಕೆ ಕರೆದೆ. ದೊಡ್ಡ ಕಲಾವಿದ ಅಂತ ಜಂಬದಿಂದ ಪರಿಚಯಿಸಿ, ಹಳೆಯ ಕಾರ್ಯಕ್ರಮವೊಂದನ್ನು ಫೋನಿನಲ್ಲಿ ಹಾಕಿ ತೋರಿಸಿದೆ. ಹಾಡುವವನು ಅಂಗಿ ಹರಿದುಕೊಳ್ಳುತ್ತಿದ್ದ, ಗಿಟಾರಿನವನು ನೆಲದ ಮೇಲೆ ಉರುಳಾಡುತ್ತಿದ್ದ. ನಮ್ಮ ಮಹಾಶಯ ಡ್ರಮ್ಮಿನ ಪಕ್ಕ ಬಸ್ಸಿಗೆ ಕಾಯುವವನ ಹಾಗೆ ನಿಂತಿದ್ದ.

"ಇವ ಯಾಕ ಸುಮ್ನ ನಿಂತಾನ? ಏನೂ ಕೇಳಸವಲ್ದು. ಇದಕ್ಕ ಪಗಾರ ಕೊಡತಿದ್ರೇನು?" ಅಂದಳು ಅವ್ವ.

'ನೀವು ತುಂಬಾ ಶಾಂತವಾಗಿ ಕಾಣಿಸುತ್ತೀರಂತೆ' ಎಂದು ಅನುವಾದಿಸಿದೆ. ಆತ ನಂಬಲಿಲ್ಲ. ಫೋನಿನ ಪುಟ್ಟ ಸ್ಪೀಕರಿನಲ್ಲಿ ತನ್ನ ತಗ್ಗಿನ ಸ್ವರ ಬರುವುದೇ ಇಲ್ಲ ಎಂದು ನಕ್ಕು, ಮನೆಗೆ ಹೋಗಿ ದಪ್ಪನೆಯ ಹೆಡ್‌ಫೋನ್ ತಂದು ಅವ್ವನ ಕಿವಿಗೆ ಹಾಕಿದ. ಅವ್ವ ಸೆರಗು ಸರಿಮಾಡಿಕೊಂಡು, ಕಣ್ಣು ಮುಚ್ಚಿ ಕೇಳಿದಳು.

"ಅಯ್ಯ, ಇವ ಎಲ್ಲಾರ ಕೆಳಗ ಅದಾನಲ್ಲೋ! ಇವನ ಮ್ಯಾಲೇ ಎಲ್ಲಾರೂ ನಿಂತಾರ."

ಅಂದಿನಿಂದ ಇಬ್ಬರಿಗೂ ದೋಸ್ತಿ. ಸಂಜೆ ಹಿತ್ತಿಲಲ್ಲಿ ಕುರ್ಚಿ ಹಾಕಿಕೊಂಡು ಕೂತರೆ ನಡುವೆ ನಾನು ದುಭಾಷಿ. ಮೆಡೋವೇಲಿನ ಆಫೀಸಿನಲ್ಲಿ ದಿನವಿಡೀ ಮೀಟಿಂಗು ಮಾಡಿ ಬಂದವನಿಗೆ ಮನೆಯಲ್ಲೂ ಮೀಟಿಂಗು. ಆತ ತನ್ನ ಹಳೆಯ ಕಥೆ ಹೇಳುತ್ತಿದ್ದ. ಇಂಗ್ಲೆಂಡಿನ ಬಂದರಿನ ಊರೊಂದರಲ್ಲಿ ಶಾಲೆಯ ಗೆಳೆಯರು ಕೂಡಿ ಬ್ಯಾಂಡ್ ಕಟ್ಟಿದಾಗ ಎಲ್ಲರಿಗೂ ಗಿಟಾರೇ ಬೇಕಿತ್ತಂತೆ. ಜಗಳವಾಡಲು ಬಾರದ ಈತನಿಗೆ ಉಳಿದದ್ದು ಬೇಸ್. ಆಮೇಲೆ ಊರೂರು ಸುತ್ತಿದರು, ಹೆಸರು ಮಾಡಿದರು. ಅಭಿಮಾನಿಗಳು ಈತನ ಹತ್ತಿರ ಓಡಿಬಂದು ಕ್ಯಾಮೆರಾ ಕೈಗಿಟ್ಟು, ಹಾಡುವವನ ಜೊತೆ ತಮ್ಮದೊಂದು ಫೋಟೋ ತೆಗೆಯಿರಿ ಅನ್ನುತ್ತಿದ್ದರಂತೆ. ಆತ ಅದನ್ನೂ ಚೆನ್ನಾಗಿಯೇ ತೆಗೆದುಕೊಡುತ್ತಿದ್ದನಂತೆ.

ಅವ್ವ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅವಳದೂ ಅದೇ ಕಥೆ. ಅವಳ ಅಕ್ಕ, ನನ್ನ ದೊಡ್ಡವ್ವ, ಹಾಡುತ್ತಿದ್ದಳು. ಅವ್ವ ಜೀವಮಾನವೆಲ್ಲ ಅವಳ ಹಿಂದೆ ಕೂತು ತಂಬೂರಿ ಮೀಟಿದಳು. ಪೇಪರಿನ ಫೋಟೋದಲ್ಲಿ ತಂಬೂರಿಯ ತುದಿ ಕಾಣುತ್ತಿತ್ತು, ಅವ್ವ ಕಾಣುತ್ತಿರಲಿಲ್ಲ.

ಬೇಸಿಗೆ ಮುಗಿದು ಮರಗಳ ಎಲೆ ಕೆಂಪಾಗುವ ಹೊತ್ತಿಗೆ ಆತನಿಗೆ ಇಂಗ್ಲೆಂಡಿನಿಂದ ಕರೆ ಬಂತು. ಬ್ಯಾಂಡಿನದು ಕೊನೆಯ ಕಾರ್ಯಕ್ರಮ, ಅದೂ ಆ ಬಂದರಿನ ಊರಿನಲ್ಲೇ. ಬೆರಳು ಜೋಮು ಹಿಡಿಯಲು ಶುರುವಾಗಿ ಆತ ಬ್ಯಾಂಡ್ ಬಿಟ್ಟಮೇಲೆ ಬೇಸ್ ನುಡಿಸಲು ಒಬ್ಬ ತರುಣ ಬಂದಿದ್ದ. ನುಡಿಸುವವನು ಅವನೇ. ಈತನಿಗೆ ಕೊಟ್ಟದ್ದು ಮುಂದಿನ ಸಾಲಿನಲ್ಲೊಂದು ಸೀಟು.

ಹೋಗುವುದಿಲ್ಲ ಎಂದ. ವಿಮಾನದಲ್ಲಿ ಸೊಂಟ ಹಿಡಿಯುತ್ತದೆ, ಬೆಕ್ಕನ್ನು ಯಾರು ನೋಡಿಕೊಳ್ಳುತ್ತಾರೆ ಎಂದ. ಆ ಬೆಕ್ಕು ಹೊತ್ತುಹೊತ್ತಿಗೆ ನಮ್ಮ ಮನೆಯ ಮೊಸರನ್ನ ತಿಂದು ಧಾರವಾಡದ ಸೊಸೆಯಂತೆ ದುಂಡಗಾಗಿದೆ ಎಂದು ನಾನು ನೆನಪಿಸಿದೆ. ಆತ ನಗಲಿಲ್ಲ. "ನಾನು ನಿಲ್ಲುವ ಜಾಗದಲ್ಲಿ ಇನ್ನೊಬ್ಬ ನಿಂತಿರುವುದನ್ನು ಕೂತು ನೋಡಲಾರೆ" ಎಂದುಬಿಟ್ಟ. ಅದನ್ನು ಅವ್ವನಿಗೆ ಕನ್ನಡದಲ್ಲಿ ಹೇಳಿದೆ.

"ಹೋಗು ಅನ್ನು ಅವಗ," ಅಂದಳು. "ಮಣಕಾಲು ಹೋಗಿ ನನಗ ನೆಲದ ಮ್ಯಾಲೆ ಕೂಡಾಕ ಆಗದ್ಹಂಗಾದಾಗ ನನ್ನ ಜಾಗಾಕ್ಕ ಒಂದು ಹುಡುಗಿ ಬಂತು. ನಾನೂ ಹೋಗಿ ಕುರ್ಚಿ ಮ್ಯಾಲೆ ಕುಂತೆ. ಎಲ್ಲಾರೂ ಅಕ್ಕನ ಮಾರಿ ನೋಡತಿದ್ರು, ನಾ ಆ ಹುಡುಗೀನ ನೋಡಿದೆ. ಪಾಪ, ಅದನ್ನ ಯಾರು ನೋಡಬೇಕು? ಭಾಳ ಮಜಾ ಬಂತಪಾ. ಇವನೂ ಹೋಗಿ ಆ ಹುಡುಗನ್ನ ನೋಡಲಿ."

ಒಂದು ಮಾತೂ ಬಿಡದೆ ಅನುವಾದಿಸಿದೆ. ಆತ ಚಹಾ ಕುಡಿದು ಎದ್ದುಹೋದ. ಮರುದಿನ ಬೆಕ್ಕಿನ ಬುಟ್ಟಿ ನಮ್ಮ ಬಾಗಿಲಿಗೆ ಬಂತು.

ಕಾರ್ಯಕ್ರಮ ಮುಗಿದಮೇಲೆ ಆತ ಇಂಗ್ಲೆಂಡಿನಿಂದ ಫೋನ್ ಮಾಡಿದಾಗ ಅವ್ವ ರೊಟ್ಟಿ ತಟ್ಟುತ್ತಿದ್ದಳು. ಸ್ಪೀಕರಿಗೆ ಹಾಕಿದೆ. ಮೊದಲಿನಿಂದ ಕಡೆಯವರೆಗೆ ಆ ತರುಣನನ್ನೇ ನೋಡಿದನಂತೆ. ಯಾರೂ ತನ್ನನ್ನು ನೋಡಿ ಅಭ್ಯಾಸವಿಲ್ಲದ ಅವನು ಗಾಬರಿಯಾಗಿ ಒಂದು ಕಡೆ ತಪ್ಪಿದನಂತೆ. ಮುಗಿದ ಕೂಡಲೇ ವೇದಿಕೆಯಿಂದ ಇಳಿದು ಬಂದು, ನಾನೇನಾದರೂ ಕೆಡಿಸಿದೆನಾ ಎಂದು ಕೇಳಿದನಂತೆ. ಇಲ್ಲಪ್ಪ, ನೀನು ಇರುವುದು ನನಗೆ ಕೇಳಿಸಿತು ಎಂದು ಹೇಳಿದನಂತೆ ನಮ್ಮಾತ.

ಅವ್ವನಿಗೆ ಎಲ್ಲವನ್ನೂ ಹೇಳಿದೆ. ಅವಳು ರೊಟ್ಟಿ ತಿರುವಿ ಹಾಕಿದಳು.

"ಅತ್ತನಂತೇನು?"

"ಯಾರು, ಆ ಹುಡುಗನಾ?"

"ಅಲ್ಲೋ, ನಮ್ಮ ದೋಸ್ತ."

ಕೇಳಿದೆ. ಹೌದು, ಕಾರಿಗೆ ಬಂದು ಕೂತಮೇಲೆ ಎಂದ.

"ನಾ ಅಲ್ಲೇ ಕುರ್ಚಿ ಮ್ಯಾಲೇ ಅತ್ತಿದ್ದೆ. ಮೊದಲ ಹೇಳಿದ್ರ ಇವ ಹೋಗತಿದ್ದಿಲ್ಲ," ಅಂದಳು ಅವ್ವ.