ರಾಯಭಾರಿಯ ತಂಗಿ

"ಈ ಹಿಂದೆ ನಮ್ಮ ದೇಶಕ್ಕೆ ಬಂದಿದ್ದೀರಾ? ಬಂದಿದ್ದರೆ ಉದ್ದೇಶವೇನು?" ಎಂಬ ವೀಸಾ ಅರ್ಜಿಯ ಪ್ರಶ್ನೆಯನ್ನು ನಾನು ಗಟ್ಟಿಯಾಗಿ ಓದಿದೆ. ಎದುರು ಕೂತಿದ್ದ ಅಮೆರಿಕದ ಹೆಂಗಸು ಕರಕ್ ಚಹಾದ ಕಾಗದದ ಲೋಟವನ್ನು ಮೇಜಿನ ಮೇಲಿಟ್ಟು, "ಬಂದಿದ್ದೇನೆ. ರಾಯಭಾರಿಯಾಗಿದ್ದೆ" ಎಂದರು. ನಾನು ಎದ್ದು ನಿಂತೆ.

ಹಾಗೆ ನಿಲ್ಲಬೇಕೆಂದು ನಮ್ಮ ಟ್ರಾವೆಲ್ ಏಜೆನ್ಸಿಯ ನಿಯಮಗಳಲ್ಲಿ ಎಲ್ಲೂ ಬರೆದಿಲ್ಲ. ಆದರೆ ಉಡುಪಿ ಕಡೆಯ ಶಾಲೆಯಲ್ಲಿ ಇನ್‌ಸ್ಪೆಕ್ಟರು ಬಂದಾಗ ಎದ್ದು ರೂಢಿಯಾದ ಮೊಣಕಾಲುಗಳು ಅಬುಧಾಬಿಗೆ ಬಂದು ಇಷ್ಟು ವರ್ಷವಾದರೂ ಇಂಥ ಸಂದರ್ಭದಲ್ಲಿ ನನ್ನ ಅಪ್ಪಣೆ ಕೇಳುವುದಿಲ್ಲ. ಎರಡು ವರ್ಷದಿಂದ ಈಕೆ ನನ್ನ ಪಾಲಿಗೆ ಹಿಂದಿನ ಬಿಲ್ಡಿಂಗಿನ ಟೀಚರಮ್ಮ, ಅಷ್ಟೆ. ಯಾವುದೋ ಕಾಲೇಜಿನಲ್ಲಿ ಪಾಠ ಮಾಡುತ್ತಾರೆ, ವಿಮಾನದಲ್ಲಿ ಕಿಟಕಿ ಸೀಟು ಕೊಟ್ಟರೆ ಸಿಟ್ಟಾಗುತ್ತಾರೆ ಎಂಬುದಕ್ಕಿಂತ ಹೆಚ್ಚು ಗೊತ್ತಿರಲಿಲ್ಲ. ಇದನ್ನು ಮೊದಲೇ ಹೇಳಬಾರದಿತ್ತೇ ಎಂದು ಕೇಳಿದೆ. ಹೇಳಿದ್ದರೆ ಟಿಕೆಟ್ ಕಡಿಮೆಗೆ ಸಿಗುತ್ತಿತ್ತೇ ಎಂದು ಅವರು ಕೇಳಿದರು. ಇಲ್ಲ ಎಂದೆ. ಹಾಗಾದರೆ ಕೂತುಕೊಳ್ಳಿ ಎಂದರು. ಕೂತೆ.

ದೇಶದ ಹೆಸರನ್ನು ಇಲ್ಲಿ ಹೇಳುವುದಿಲ್ಲ. ಎರಡು ಸರ್ಕಾರಗಳ ನಡುವಿನ ಸೂಕ್ಷ್ಮ ವಿಚಾರ. ಮೂರನೆಯ ಪಕ್ಷವಾಗಿ ಟೂರಿಸ್ಟ್ ಕ್ಲಬ್ ಏರಿಯಾದ ಒಬ್ಬ ಬ್ರಾಂಚ್ ಮ್ಯಾನೇಜರ್ ನಡುವೆ ಬಾಯಿ ಹಾಕುವುದು ಅಂತಾರಾಷ್ಟ್ರೀಯ ಸಂಪ್ರದಾಯಕ್ಕೆ ಒಪ್ಪುವುದಿಲ್ಲ. ಅಂದಹಾಗೆ ನಮ್ಮ ಏರಿಯಾಕ್ಕೆ ಸರ್ಕಾರ ಎಂದೋ ಬೇರೆ ಹೆಸರಿಟ್ಟಿದೆ. ಟ್ಯಾಕ್ಸಿಯವರೂ ನಾನೂ ಅದಕ್ಕೆ ಇನ್ನೂ ಮಾನ್ಯತೆ ಕೊಟ್ಟಿಲ್ಲ.

ಅರ್ಜಿ ತುಂಬುತ್ತಾ ತುಂಬುತ್ತಾ ಅವರ ವೃತ್ತಿಜೀವನವೆಲ್ಲ ಹೊರಗೆ ಬಂತು. ಇಪ್ಪತ್ತೈದರ ಪ್ರಾಯದಲ್ಲಿ ಆಫ್ರಿಕದ ಒಂದು ಬಂದರು ಪಟ್ಟಣದಲ್ಲಿ ಗಾಜಿನ ಕಿಟಕಿಯ ಹಿಂದೆ ಕೂತು, ಅಮೆರಿಕಕ್ಕೆ ಹೊರಟವರ ವೀಸಾ ಅರ್ಜಿಗಳನ್ನು ತಿರಸ್ಕರಿಸುವುದರಿಂದ ಅದು ಶುರುವಾಯಿತಂತೆ. ಆಮೇಲೆ ಆ ಖಂಡದ ಬೇರೆ ಬೇರೆ ರಾಜಧಾನಿಗಳಲ್ಲಿ ಚಿಕ್ಕ ಹುದ್ದೆ, ದೊಡ್ಡ ಹುದ್ದೆ, ಕೊನೆಗೆ ಈಗ ವೀಸಾ ಕೇಳುತ್ತಿರುವ ಈ ದೇಶದಲ್ಲಿ ರಾಯಭಾರಿ. ರಾಯಭಾರಿ ಎಂದರೆ ಯುದ್ಧ ನಿಲ್ಲಿಸುವವರು ಎಂದು ನಾನು ನಂಬಿದ್ದೆ. ಅವರ ಪ್ರಕಾರ ಹೆಚ್ಚಿನ ಕೆಲಸವೆಂದರೆ ಬಿಸಿಲಿನಲ್ಲಿ ಎರಡು ರಾಷ್ಟ್ರಗೀತೆ ಮುಗಿಯುವ ತನಕ ಅಲುಗಾಡದೆ ನಿಲ್ಲುವುದು, ಕೊಳವೆಬಾವಿಗೆ ಕಟ್ಟಿದ ರಿಬ್ಬನ್ ಕತ್ತರಿಸುವುದು, ಮತ್ತು ಮಂತ್ರಿಗಳ ಕೋಣೆಯ ಹೊರಗೆ ಸೋಫಾದಲ್ಲಿ ಕಾಯುವುದು. ಕಾಯುವುದರಲ್ಲಿ ತನ್ನನ್ನು ಮೀರಿಸುವವರು ಆ ದೇಶದಲ್ಲಿ ಯಾರೂ ಇರಲಿಲ್ಲ ಎಂದು ಸ್ವಲ್ಪ ಹೆಮ್ಮೆಯಿಂದಲೇ ಹೇಳಿದರು.

ಅವರ ನಿವಾಸದ ಉಸ್ತುವಾರಿ ಆ ಊರಿನ ಒಬ್ಬ ಹೆಂಗಸಿನದು. ಬೆಳಗಿನ ತಿಂಡಿ ಇಡುವಾಗ ದಿನಕ್ಕೊಂದಿಷ್ಟು ಮಾತು ಕಲಿಸಿ, ಮೇಡಂ ಅಲ್ಲಿಯ ಭಾಷೆ ಮಾತಾಡುವಂತೆ ಮಾಡಿದವಳು ಅವಳೇ. ಅವಳ ಮುದಿ ತಾಯಿ ಹಿತ್ತಲಿನ ಕೋಣೆಯಲ್ಲಿದ್ದಳು. ಸಂಜೆ ಔತಣ ಇಲ್ಲದ ದಿನ ಮೇಡಂ ಆ ಕೋಣೆಯ ಮೆಟ್ಟಿಲಲ್ಲಿ ಕೂತು ಅವಳ ಜೊತೆ ಕಾಳು ಬಿಡಿಸುತ್ತಿದ್ದರಂತೆ. ಮೇಡಂ ವಯಸ್ಸಿನಲ್ಲಿ ತನ್ನ ಮಗಳಿಗಿಂತ ಸ್ವಲ್ಪ ದೊಡ್ಡವರೆಂದು ತಿಳಿದ ದಿನವೇ ಮುದುಕಿ ತೀರ್ಪು ಕೊಟ್ಟುಬಿಟ್ಟಳು: ಇವಳು ನನ್ನ ಹಿರಿಮಗಳು. ರಾಯಭಾರಿ ಹುದ್ದೆಗೆ ಅಮೆರಿಕದ ಸೆನೆಟ್ ತಿಂಗಳುಗಟ್ಟಲೆ ಕೂತು ಒಪ್ಪಿಗೆ ಕೊಡಬೇಕಾಯಿತು. ಈ ನೇಮಕಾತಿಗೆ ಯಾರ ಒಪ್ಪಿಗೆಯೂ ಬೇಕಾಗಲಿಲ್ಲ.

ಆಮೇಲೆ ಚುನಾವಣೆ ಬಂತು. ಎಣಿಕೆ ಸರಿಯಿಲ್ಲ ಎಂದು ಮೇಡಂ ಎಲ್ಲರೆದುರು ಹೇಳಿದರು. ಬೀದಿಯಲ್ಲಿ ಗಲಾಟೆಯಾಯಿತು, ಅಲ್ಲಿಯ ಸರ್ಕಾರ ಸಿಟ್ಟಾಯಿತು, ಹೊರಟು ಬನ್ನಿ ಎಂದು ಅವರ ಸರ್ಕಾರ ಆಜ್ಞೆ ಕಳಿಸಿತು. ಹೊರಟರು, ನಿವೃತ್ತರಾದರು, ಮತ್ತೆ ಆ ಕಡೆ ಹೋಗಲಿಲ್ಲ. ಕಳೆದ ವರ್ಷ ಮುದುಕಿ ತೀರಿಕೊಂಡಾಗ ಇವರು ಮಂಡಿಯ ಆಪರೇಷನ್ ಮಾಡಿಸಿಕೊಂಡು ಆಸ್ಪತ್ರೆಯಲ್ಲಿದ್ದರು. ಈಗ ಅವಳ ವರ್ಷದ ಕ್ರಿಯೆ, ನಮ್ಮ ವರ್ಷಾಂತಿಕದಂಥದ್ದೇ. ಹಿರಿಮಗಳು ಇಲ್ಲದೆ ಅದು ನಡೆಯುವುದಿಲ್ಲ.

"ಅದಕ್ಕೆ ನಾನು ಹೋಗುತ್ತೇನೆ" ಎಂದರು. ಹೋಗಬೇಕು ಅಂತಲ್ಲ, ಹೋಗುವ ಆಸೆ ಅಂತಲೂ ಅಲ್ಲ. ಅಲ್ಲಿ ಇವತ್ತಿಗೂ ಅದೇ ಪಕ್ಷದ ಸರ್ಕಾರ ಉಂಟು ಎಂದು ನಾನು ನೆನಪಿಸಿದೆ. ತನಗೂ ಪತ್ರಿಕೆ ಓದುವ ಅಭ್ಯಾಸ ಉಂಟು ಎಂದರು.

ಈಗ ಮುಖ್ಯ ವಿಚಾರಕ್ಕೆ ಬರುತ್ತೇನೆ. ಅರ್ಜಿಯಲ್ಲಿ ಒಂದು ಕಾಲಂ ಇತ್ತು: ಆಹ್ವಾನಿಸಿದವರೊಂದಿಗೆ ನಿಮ್ಮ ಸಂಬಂಧ. ಆ ಹೊತ್ತಿಗೆ ಮೇಡಂಗೆ ಯಾವನೋ ವಿದ್ಯಾರ್ಥಿಯ ಫೋನ್ ಬಂದಿತ್ತು. ಅವರು ಬಾಗಿಲ ಬಳಿ ನಿಂತು ಮಾತಾಡುತ್ತಿದ್ದರು. ನಾನು ಆ ನಿವಾಸದ ಉಸ್ತುವಾರಿಯ ಹೆಂಗಸು ಕಳಿಸಿದ ಆಹ್ವಾನ ಪತ್ರ ನೋಡಿದೆ. "ನನ್ನ ಅಕ್ಕ ಬರಬೇಕು" ಎಂದು ಸ್ಪಷ್ಟವಾಗಿ ಬರೆದಿತ್ತು. ನಾನು "ಸಿಸ್ಟರ್" ಎಂದು ಟೈಪ್ ಮಾಡಿದೆ.

ಇದನ್ನು ತಪ್ಪು ಎನ್ನುವವರು ನಮ್ಮ ಕರಾವಳಿಯನ್ನು ಕಂಡವರಲ್ಲ. ನಮ್ಮ ಕೌಂಟರಿಗೆ ಬರುವ ಹೆಂಗಸರಲ್ಲಿ ಅರ್ಧ ಜನ ನನಗೆ ಅಕ್ಕಂದಿರು, ಉಳಿದವರು ತಂಗಿಯರು. ಇಲ್ಲೇ ಊರಾಚೆ ಬನಿಯಾಸಿನಲ್ಲಿ ಗ್ಯಾರೇಜ್ ಇಟ್ಟುಕೊಂಡವನು ನನಗೆ ಭಾವ. ಯಾವ ಕಡೆಯಿಂದ ಭಾವ ಎಂದು ಅವನೂ ಕೇಳಿಲ್ಲ, ನಾನೂ ಕೇಳಿಲ್ಲ. ಅಕ್ಕ ಎಂದು ಒಬ್ಬರು ಕಾಗದದಲ್ಲಿ ಬರೆದು ಕರೆದ ಮೇಲೆ, ಅದು ನಿಜವೇ ಎಂದು ಕೇಳುವಷ್ಟು ಮರ್ಯಾದೆಗೆಟ್ಟ ಮನೆತನ ನನ್ನದಲ್ಲ.

ಮೇಡಂ ಫೋನ್ ಮುಗಿಸಿ ಬಂದು ಸಹಿ ಹಾಕಿದರು. ದೇಶದೇಶಗಳ ಒಪ್ಪಂದಗಳನ್ನು ಅಲ್ಪವಿರಾಮ ಸಹಿತ ಓದಿದವರು, ತನ್ನ ಸ್ವಂತ ಅರ್ಜಿಯನ್ನು ಓದಲಿಲ್ಲ. ಕಚೇರಿಯವರು ಮುಂದಿಟ್ಟ ಕಾಗದಕ್ಕೆ ಸಹಿ ಹಾಕುವ ದೊಡ್ಡವರ ಅಭ್ಯಾಸ ಅಷ್ಟು ಸುಲಭಕ್ಕೆ ಹೋಗುವುದಿಲ್ಲ.

ವಾರದೊಳಗೆ ಆ ದೇಶದ ರಾಯಭಾರ ಕಚೇರಿಯಿಂದ ಫೋನ್ ಬಂತು. ಅರ್ಜಿದಾರರು ನಾಳೆ ಖುದ್ದಾಗಿ ಬರಬೇಕು. ಇಬ್ಬರು ಸಹೋದರಿಯರ ಜನನ ಪ್ರಮಾಣಪತ್ರ ತರಬೇಕು. ತಂದೆ ತಾಯಿಯ ಹೆಸರು ಒಂದೇ ಇರಬೇಕು. ನಾನು ಫೋನ್ ಇಟ್ಟು, ನಮ್ಮ ಏಸಿ ಎಷ್ಟಕ್ಕೆ ಇಟ್ಟಿದೆ ಎಂದು ಪರಿಶೀಲಿಸಿದೆ.

ಆ ಸಂಜೆ ಮೊಹಮ್ಮದ್ ಬಿನ್ ಜಾಯೆದ್ ಸಿಟಿಯ ನಮ್ಮ ಮನೆಯಲ್ಲಿ ಹೆಂಡತಿಗೆ ವಿಷಯ ಹೇಳಿದೆ. ಅವಳು ಚಪಾತಿ ಲಟ್ಟಿಸುವುದನ್ನು ನಿಲ್ಲಿಸದೆ, "ಸಿಸ್ಟರ್ ಅಂತ ಬರೆದ್ರಾ? ಒಂದೋ ಆಸ್ಪತ್ರೆಯ ನರ್ಸ್ ಅಂತ ತಿಳ್ಕೊಂಡಿರ್ತಾರೆ, ಇಲ್ಲದಿದ್ರೆ ಕಾನ್ವೆಂಟಿನವರು ಅಂತ. ಎರಡಕ್ಕೂ ಬರ್ತ್ ಸರ್ಟಿಫಿಕೇಟ್ ಬೇಡ ಮಾರಾಯ್ರೆ, ಹಾಗೇ ಹೇಳಿ ಬಿಡಿ" ಎಂದಳು. ಕಾನೂನು ಸಲಹೆ ಅಷ್ಟಕ್ಕೇ ಮುಗಿಯಿತು.

ಮರುದಿನ ನನ್ನ ಕಾರಿನಲ್ಲೇ ಮೇಡಂ ಅವರನ್ನು ಕರೆದುಕೊಂಡು ಹೋದೆ. ದಾರಿಯಲ್ಲಿ ಅರ್ಜಿಯ ಪ್ರತಿಯನ್ನು ಅವರ ಕೈಗೆ ಕೊಟ್ಟೆ. ಓದಿದರು. ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದರು. ಬೈಗುಳ ಬರುತ್ತದೆಂದು ನಾನು ಎರಡು ಕೈಯಲ್ಲೂ ಸ್ಟೇರಿಂಗ್ ಹಿಡಿದುಕೊಂಡೆ. ಬರಲಿಲ್ಲ. ಕಿಟಕಿಯ ಹಿಂದೆ ಕೂತ ಆ ಕಾಲದಲ್ಲಿ ತಾನು ತಿರಸ್ಕರಿಸಿದ್ದು ಮುಖ್ಯವಾಗಿ ಇಂಥವರನ್ನೇ ಎಂದು ನಿಧಾನಕ್ಕೆ ಹೇಳಿದರು. ಅಣ್ಣ ಕರೆದಿದ್ದಾನೆ, ಅಕ್ಕ ಕರೆದಿದ್ದಾಳೆ ಎಂದು ಬರುತ್ತಿದ್ದರು; ಕೆದಕಿ ಕೇಳಿದರೆ ಒಂದೇ ಬೀದಿಯವರು, ಒಂದೇ ಇಗರ್ಜಿಯವರು. ಎಲ್ಲರ ಕಾಗದಕ್ಕೂ "ಸಂಬಂಧ ಸಾಬೀತಾಗಿಲ್ಲ" ಎಂಬ ಮುದ್ರೆ.

ಆಮೇಲೆ ಅವರು ನೇರವಾಗಿ ಕೂತರು. ಇಷ್ಟು ವರ್ಷದ ಸರ್ವೀಸಿನಲ್ಲಿ ಸುಳ್ಳಿಗೆ ಸಹಿ ಹಾಕಿದವಳಲ್ಲ, ಒಳಗೆ ಹೋದ ಕೂಡಲೇ ಇದು ತಪ್ಪೆಂದು ಹೇಳಿ "ಸ್ನೇಹಿತೆ" ಎಂದು ತಿದ್ದಿಸುತ್ತೇನೆ ಎಂದರು. ತಿದ್ದಿದರೆ ಈ ಅರ್ಜಿ ಖಲಾಸ್ ಎಂದು ನಾನು ವಿವರಿಸಿದೆ. ಹೊಸದು ಹಾಕಬೇಕು, ಅದು ಅವರ ರಾಜಧಾನಿಗೆ ಹೋಗಿ ಬರಬೇಕು, ಅಷ್ಟರಲ್ಲಿ ಕ್ರಿಯೆ ಮುಗಿದಿರುತ್ತದೆ. ರಾಯಭಾರ ಕಚೇರಿಯ ಗೇಟಿನ ಎದುರು ಕಾರು ನಿಲ್ಲಿಸಿದಾಗ, ನಾನು ಬಂದು ಬಾಗಿಲು ತೆರೆಯುವ ಮೊದಲೇ ಮೇಡಂ ಇಳಿದು ನಡೆದಿದ್ದರು. ಆಪರೇಷನ್ ಆದ ಮಂಡಿ ಎಂದು ಯಾರೂ ಹೇಳುವ ಹಾಗಿರಲಿಲ್ಲ.

ವೀಸಾ ಅಧಿಕಾರಿ ನಲವತ್ತರ ಆಸುಪಾಸಿನವರು. ಒಳ್ಳೆಯ ಸೂಟು, ಹಿಂದಿನ ಗೋಡೆಯಲ್ಲಿ ಅಧ್ಯಕ್ಷರ ಚಿತ್ರ. ಎದ್ದು ನಿಂತು ಕೈಕುಲುಕಿ, "ಬನ್ನಿ, ಎಕ್ಸಲೆನ್ಸಿ" ಎಂದರು. ಆ ಕೊನೆಯ ಪದದಲ್ಲಿ ಸಕ್ಕರೆ ಸ್ವಲ್ಪ ಜಾಸ್ತಿ ಇತ್ತು. ನಾನು ಗೋಡೆ ಬದಿಯ ಕುರ್ಚಿಯಲ್ಲಿ, ತಪ್ಪೆಲ್ಲವನ್ನೂ ತಲೆ ಮೇಲೆ ಹೊರಲು ಸಿದ್ಧನಾದ ಏಜೆಂಟನ ಮುಖ ಮಾಡಿಕೊಂಡು ಕೂತೆ.

"ನಮಗೆ ವೋಟು ಎಣಿಸಲು ಬರುವುದಿಲ್ಲ ಎಂದು ನೀವು ಒಮ್ಮೆ ಹೇಳಿದ್ದಿರಿ" ಎಂದರು ಅಧಿಕಾರಿ. "ಈಗ ಅಕ್ಕತಂಗಿಯರನ್ನು ಎಣಿಸೋಣ. ಈ ಹೆಂಗಸು ನಿಮಗೆ ತಂಗಿಯೇ?"

ಮೇಡಂ ಬಾಯಿ ತೆರೆದರು. ಮುಂದೆ ಬರುವ ಮಾತು ನನಗೆ ಗೊತ್ತಿತ್ತು, ಕಾರಿನಲ್ಲಿ ಕೇಳಿದ್ದೆ. ಆದರೆ ಅವರು ಮೇಜಿನ ಮೇಲಿದ್ದ ಅರ್ಜಿಯನ್ನು ನೋಡಿದರು, ಪಕ್ಕದಲ್ಲಿದ್ದ ಆಹ್ವಾನ ಪತ್ರವನ್ನು ನೋಡಿದರು. ಮಂತ್ರಿಗಳ ಸೋಫಾದಲ್ಲಿ ಪಳಗಿದವರಲ್ಲವೇ, ಅವಸರ ಮಾಡಲಿಲ್ಲ.

"ಹೌದು" ಎಂದರು. "ನಾನು ಅವಳ ಅಕ್ಕ."

"ಸಾಬೀತು?"

"ಇಲ್ಲ. ನಾನೂ ನಿಮ್ಮಂಥ ಕುರ್ಚಿಯಲ್ಲಿ ಕೂತವಳು. ನನ್ನೆದುರು ಹೀಗೆ ಹೇಳಿದವರನ್ನೆಲ್ಲ ಸುಳ್ಳರು ಎಂದು ವಾಪಸು ಕಳಿಸಿದ್ದೇನೆ. ನೀವೂ ಕಳಿಸಬಹುದು. ನಾಳೆ ಬೆಳಿಗ್ಗೆ ಮತ್ತೆ ಬರುತ್ತೇನೆ."

ಅಧಿಕಾರಿ ಪೆನ್ನನ್ನು ಕೆಳಗಿಟ್ಟರು. ಅವರ ದನಿಯಲ್ಲಿದ್ದ ಸಕ್ಕರೆ ಹೋಗಿತ್ತು. ಈಗ ಅವರು ಮನೆಯ ಯಜಮಾನನ ಹಾಗೆ ಮಾತಾಡಿದರು. "ತಾಯಿಗೆ ಮಣ್ಣು ಕೊಡಲು ಬರದೇ ಹೋದ ಹಿರಿಮಗಳಿಗೆ ವರ್ಷದ ದಿನ ಏನು ಕೆಲಸ?"

"ಬಾಗಿಲ ಬಳಿ ಚಾಪೆ ಹಾಕಿ ಕೂರುವುದು. ಊರಿನ ಹೆಂಗಸರು ಒಬ್ಬೊಬ್ಬರಾಗಿ ಬಂದು ಬೈಯುತ್ತಾರೆ, ತಾಯಿ ಸತ್ತಾಗ ಎಲ್ಲಿ ಹೋಗಿದ್ದೆ ಎಂದು. ಎದುರು ಮಾತಾಡಬಾರದು. ಎಲ್ಲರೂ ಬೈದು ಮುಗಿದ ಮೇಲೆ ಕೈಹಿಡಿದು ಒಳಗೆ ಕರೆಯುತ್ತಾರೆ, ಊಟಕ್ಕೆ."

"ಬೈಸಿಕೊಳ್ಳಲಿಕ್ಕೆ ಹೋಗುತ್ತೀರಾ?"

"ಹೌದು. ನನ್ನ ಪಾಲಿನದ್ದನ್ನು ಒಂದು ವರ್ಷದಿಂದ ತಂಗಿಯೇ ಕೇಳಿಸಿಕೊಳ್ಳುತ್ತಿದ್ದಾಳೆ."

ಆಮೇಲೆ ಅಧಿಕಾರಿ ತಮ್ಮ ಭಾಷೆಯಲ್ಲಿ ಏನೋ ಕೇಳಿದರು, ಮೇಡಂ ಅದೇ ಭಾಷೆಯಲ್ಲಿ ಉತ್ತರ ಕೊಟ್ಟರು. ಅವರ ಉಚ್ಚಾರಣೆ ಕೇಳಿ ಅಧಿಕಾರಿಗೆ ನಗು ಬಂತು. ಇದು ಯಾವ ಊರಿನ ಮಾತು ಎಂದು ಕೇಳಿದರಂತೆ. ಅಡುಗೆಮನೆಯಲ್ಲಿ ಕಲಿತದ್ದು ಎಂದರಂತೆ. ಇದನ್ನು ನಾನು ಕಾರಿನಲ್ಲಿ ಮರಳುವಾಗ ಕೇಳಿ ತಿಳಿದುಕೊಂಡೆ. ಅಲ್ಲಿ ನನಗೆ ಕಂಡದ್ದು ಇಷ್ಟೇ: ಅಧಿಕಾರಿ ಅರ್ಜಿಯನ್ನು ಹತ್ತಿರಕ್ಕೆ ಎಳೆದುಕೊಂಡರು. ಸಂಬಂಧದ ಕಾಲಮಿಗೆ ಕೈ ಹಚ್ಚಲಿಲ್ಲ. ಮೂವತ್ತು ದಿನ ಎಂದು ನಾನು ತುಂಬಿದ್ದ ಕಡೆ ಗೀಟು ಎಳೆದು ತೊಂಬತ್ತು ಎಂದು ಬರೆದರು.

ಇಷ್ಟು ಬೇಕಾಗಿರಲಿಲ್ಲ ಎಂದರು ಮೇಡಂ.

"ಬೇಕಾಗುತ್ತದೆ" ಎಂದರು ಅಧಿಕಾರಿ. "ನಮ್ಮ ಹೆಂಗಸರನ್ನು ನಾನು ಬಲ್ಲೆ."

ಆ ಕಾಲಂ ಹಾಗೆಯೇ ಉಳಿದದ್ದನ್ನು ನನ್ನ ವೃತ್ತಿಜೀವನದ ಒಂದು ರಾಜತಾಂತ್ರಿಕ ವಿಜಯವೆಂದು ಮನೆಯಲ್ಲಿ ಘೋಷಿಸಿದೆ. ಹೆಂಡತಿ ಅದಕ್ಕೆ ಮಾನ್ಯತೆ ಕೊಟ್ಟಿಲ್ಲ. ನರ್ಸ್ ಅಂದಿದ್ದರೆ ಅಷ್ಟು ದೂರ ಹೋಗುವುದೇ ಬೇಡವಿತ್ತು ಎಂಬುದು ಅವಳ ಅಚಲ ನಿಲುವು.

ಮೇಡಂ ಹೊರಟು ಹೋದರು. ಕ್ರಿಯೆಯ ಮರುದಿನ ಮಧ್ಯಾಹ್ನ ನಾನೇ ಫೋನ್ ಮಾಡಿದೆ. ಹಿಂತಿರುಗುವ ಟಿಕೆಟಿನ ದಿನ ಗೊತ್ತುಮಾಡಬೇಕಿತ್ತು ಎಂಬುದು ನೆಪ. ಹಿಂದುಗಡೆ ಒಬ್ಬ ಹೆಂಗಸು ಏರುದನಿಯಲ್ಲಿ, ಉಸಿರು ತೆಗೆದುಕೊಳ್ಳಲೂ ನಿಲ್ಲಿಸದೆ ಏನೋ ಹೇಳುತ್ತಿದ್ದಳು. ಭಾಷೆ ಗೊತ್ತಿಲ್ಲದಿದ್ದರೂ ವಿಷಯ ಗೊತ್ತಾಗುವಂತಿತ್ತು. ಕ್ರಿಯೆ ನಿನ್ನೆಯೇ ಮುಗಿಯಲಿಲ್ಲವೇ ಎಂದು ಕೇಳಿದೆ. ಊರಿನವರದ್ದು ಮುಗಿಯಿತು, ತಾಯಿಯ ತವರಿನವರು ಈಗಷ್ಟೇ ಬಂದರು ಎಂದು ಮೇಡಂ ಪಿಸುಗುಟ್ಟಿದರು. ತಂಗಿ ಎಲ್ಲಿ ಎಂದೆ. ಪಕ್ಕದಲ್ಲೇ ಕೂತಿದ್ದಾಳೆ, ಒಳಗೆ ಹೋಗು ಅಂದರೂ ಹೋಗುವುದಿಲ್ಲ ಎಂದರು.

ಟಿಕೆಟಿನ ದಿನ ಯಾವುದು ಹಾಕಲಿ ಎಂದು ಕೇಳಿದೆ.

"ಈಗ ಬೇಡ" ಎಂದರು. "ನಾಳೆ ತವರಿನವರ ಇನ್ನೊಂದು ಬಸ್ ಬರುತ್ತದಂತೆ. ನಾನು ಚಾಪೆಯಿಂದ ಏಳುವುದಿಲ್ಲ."