ರುದ್ರಮ್ಮನ ಹುಟ್ಟಿದ ವರ್ಷ

ನವೆಂಬರ್ ಬಂದರೆ ನನ್ನಂಥವರು ಬ್ಯಾಂಕಿಗೆ ಹೋಗಿ ಇನ್ನೂ ಬದುಕಿದ್ದೇವೆಂದು ತೋರಿಸಿಕೊಳ್ಳಬೇಕು. ಇಲ್ಲದಿದ್ದರೆ ಪೆನ್ಷನ್ ನಿಲ್ಲುತ್ತದೆ. ಮೊನ್ನೆ ಚಾಮರಾಜಪೇಟೆಯ ಬ್ಯಾಂಕಿನಲ್ಲಿ ಕೌಂಟರಿನ ಹುಡುಗಿ ನನ್ನ ಕಾಗದ ನೋಡಿ ನಕ್ಕಳು.

"ಏನ್ ತಾತ, ಬೆಳಿಗ್ಗೆಯಿಂದ ಜೂನ್ ಒಂದಕ್ಕೆ ಹುಟ್ಟಿದವ್ರಲ್ಲಿ ನೀವು ಐದನೆಯವ್ರು! ಅವತ್ತು ಊರಲ್ಲಿ ಬೇರೆ ಕೆಲ್ಸಾನೇ ಇರ್ಲಿಲ್ವಾ?"

ನಾನೂ ನಕ್ಕೆ. ನಮ್ಮ ಕಾಲದಲ್ಲಿ ಹುಟ್ಟಿದ ದಿನ ಯಾರಿಗೆ ಗೊತ್ತಿತ್ತು ಹೇಳಿ? ಶಾಲೆ ತೆರೆಯುವುದು ಜೂನ್‌ನಲ್ಲಿ. ಮೇಷ್ಟರು ಮಗುವಿನ ಮುಖ ನೋಡಿ ವರ್ಷವನ್ನು ಅಂದಾಜು ಮಾಡಿ, ಜೂನ್ ಒಂದು ಎಂದು ಬರೆದುಬಿಡುತ್ತಿದ್ದರು. ನನ್ನ ಮೇಷ್ಟರು ಉದಾರಿ, ಎರಡು ವರ್ಷ ಚಿಕ್ಕವನನ್ನಾಗಿ ಮಾಡಿದರು. ಆದರೆ ಬ್ಯಾಂಕಿನ ಮೆಟ್ಟಿಲಿಳಿಯುವ ಹೊತ್ತಿಗೆ ಆ ನಗು ಉಳಿದಿರಲಿಲ್ಲ. ರುದ್ರಮ್ಮ ನೆನಪಾಗಿದ್ದಳು.

ಎಸ್ಸೆಸ್ಸೆಲ್ಸಿ ಮುಗಿಸಿ ನಾನು ಗುಮಾಸ್ತನಾಗಿದ್ದ ಶಾಲೆಗೆ ಅವಳು ಆಯಾ ಆಗಿ ಬಂದಳು. ಸೇವಾ ಪುಸ್ತಕ ತೆರೆದು, ಹುಟ್ಟಿದ್ದು ಯಾವಾಗ ಎಂದೆ. "ಸ್ಕೂಲ್ ಸರ್ಟಿಫಿಕೇಟ್ ಐತೆ ಸಾರ್, ನಾಳೆ ತರ್ತೀನಿ" ಎಂದಳು. ನಾನು ಕಾಯಲಿಲ್ಲ. ಅವಳ ಮುಂದಲೆ ನರೆತಿತ್ತು. ಅದನ್ನು ನೋಡಿ ಒಂದು ವರ್ಷ ಬರೆದೆ, ಜೂನ್ ಒಂದು. ಮರುದಿನ ಸರ್ಟಿಫಿಕೇಟ್ ಬಂತು. ನಾನು ಅವಳಿಗೆ ಆರು ವರ್ಷ ಹೆಚ್ಚು ವಯಸ್ಸು ಬರೆದಿದ್ದೆ. ತಿದ್ದಬೇಕಾದರೆ ಹೆಡ್‌ಮಾಸ್ತರ ರುಜು ಬೇಕು, ಅದಕ್ಕೆ ಮೊದಲು ಅವರ ಬೈಗುಳ ತಿನ್ನಬೇಕು. ಸರ್ಟಿಫಿಕೇಟನ್ನು ಕಡತದೊಳಗೆ ಸೇರಿಸಿ ದಾರ ಕಟ್ಟಿದೆ.

ಆ ಒಂದು ಸಾಲಿನಿಂದಾಗಿ ಅವಳನ್ನು ಆರು ವರ್ಷ ಮುಂಚೆ ಮನೆಗೆ ಕಳಿಸಿದರು. ಪೆನ್ಷನ್‌ಗೆ ಬೇಕಾದಷ್ಟು ಸೇವೆ ಆಗಿರಲಿಲ್ಲ. ಕೋರ್ಟಿಗೆ ಹೋದಳು, ಕಡತ ಸೇರಿದ್ದ ಸರ್ಟಿಫಿಕೇಟಿಗೆ ಬೇರೆ ಪ್ರತಿ ಸಿಗದೆ ಸೋತಳು, ಮೇಲ್ಮನವಿ ಹಾಕಿದಳು. ಈ ಸಲ ಕಡತವನ್ನೇ ತರಿಸುತ್ತಾರಂತೆ ಎಂದು ಸುದ್ದಿ ಬಂತು. ಕಡತ ಬಿಚ್ಚಿದರೆ ನಾನು ಮುಚ್ಚಿಟ್ಟ ಸರ್ಟಿಫಿಕೇಟ್ ಹೊರಬೀಳುತ್ತಿತ್ತು. ಮಾವಳ್ಳಿಯ ಅವಳ ಮನೆಗೆ ಓಡಿದೆ.

"ಕೋರ್ಟು ಅಂತ ಎಷ್ಟು ಅಲೀತೀಯಮ್ಮ? ಅಪೀಲು ವಾಪಸ್ ತಗೋ. ಇಲಾಖೆಗೆ ಒಂದು ಅರ್ಜಿ ಕೊಡು, ನಾನೇ ಬರೆದು ಕಳಿಸ್ತೀನಿ."

ಅವಳು ನನ್ನನ್ನೇ ನೋಡಿದಳು. "ನೀವೇ ಕಳಿಸ್ತೀರಾ ಸಾರ್?"

"ನಾನೇ."

ವಕೀಲರು ಬೇಡವೆಂದರೂ ಮೇಲ್ಮನವಿ ಹಿಂತೆಗೆದುಕೊಂಡಳು. ಅರ್ಜಿ ಬರೆದೆ, ಸಹಿ ಹಾಕಿಸಿದೆ. ಕಳಿಸಿದರೆ ಜೊತೆಗೆ ಕಡತವೂ ಹೋಗಬೇಕಿತ್ತು. ಕಳಿಸಲಿಲ್ಲ. ಗಾಂಧಿಬಜಾರಿನಲ್ಲಿ ಸಿಕ್ಕಾಗಲೆಲ್ಲ ಕೇಳುತ್ತಿದ್ದಳು. "ಮೇಲೆ ಹೋಗಿದೆಯಮ್ಮ" ಎನ್ನುತ್ತಿದ್ದೆ. ಆಮೇಲೆ ತರಕಾರಿಯನ್ನೇ ಬೇರೆ ಕಡೆ ಕೊಳ್ಳತೊಡಗಿದೆ. ನನ್ನ ನಿವೃತ್ತಿಯ ದಿನ ಅರ್ಜಿಯನ್ನೂ ಸರ್ಟಿಫಿಕೇಟನ್ನೂ ಕಳ್ಳನ ಹಾಗೆ ಮನೆಗೆ ತಂದು ಟ್ರಂಕಿನಲ್ಲಿಟ್ಟೆ.

ಮೊನ್ನೆ ಬ್ಯಾಂಕಿನಿಂದ ನೇರ ಮಾವಳ್ಳಿಗೆ ಹೋದೆ. ರುದ್ರಮ್ಮ ಬಾಗಿಲಲ್ಲಿ ಕೂತು ಹೂ ಕಟ್ಟುತ್ತಿದ್ದಳು. ನಿಂತುಕೊಂಡೇ ಎಲ್ಲ ಹೇಳಿದೆ. ಅವಳ ಬೆರಳು ನಿಲ್ಲಲಿಲ್ಲ.

"ಗೊತ್ತು ಸಾರ್. ಪುಸ್ತಕದಾಗೆ ಅಕ್ಷರ ನಿಮ್ದೇ ಅಂತ ಗೊತ್ತಿತ್ತು. ನಿಮ್ಮನ್ನ ಕೋರ್ಟಿಗೆ ಎಳೀತಾರೆ, ಕೆಲ್ಸ ಹೋಯ್ತದೆ ಅಂದ್ರು ವಕೀಲ್ರು. ನಿಮ್ಮನೇಲೂ ಮಕ್ಳಿದ್ವಲ್ಲ. ಹೆಂಗೂ ನೀವೇ ಸರಿ ಮಾಡ್ತೀರ ಅಂತ ಸುಮ್ನಾದೆ."

ಬೈದಿದ್ದರೆ ಚೆನ್ನಾಗಿತ್ತು. ಅವಳು ಹೂವಿನ ದಾರವನ್ನು ಹಲ್ಲಿನಿಂದ ಕಡಿದು ಕೇಳಿದಳು: "ಸರ್ಟಿಫಿಕೇಟ್ ಇನ್ನೂ ಐತಾ ಸಾರ್?"

ಇದೆ. ಈಗ ನನ್ನ ಮೇಜಿನ ಮೇಲಿದೆ. ಪಕ್ಕದಲ್ಲಿ ಹೊಸ ಅರ್ಜಿ. ಅದರ ಜೊತೆ, ತಪ್ಪು ಬರೆದವನೂ ಮುಚ್ಚಿಟ್ಟವನೂ ನಾನೇ ಎಂದು ನನ್ನ ಸಹಿಯಿರುವ ಕಾಗದ. ಇಷ್ಟು ವರ್ಷದ ಮೇಲೆ ಇಲಾಖೆಯವರು ಒಪ್ಪುತ್ತಾರೋ ಇಲ್ಲವೋ, ಗೊತ್ತಿಲ್ಲ. ನಾಳೆ ಬೆಳಿಗ್ಗೆ ಇಬ್ಬರೂ ಹೋಗುತ್ತೇವೆ. ದಾರಿಯಲ್ಲಿ ಕಾಗದಗಳನ್ನು ತಾನೇ ಹಿಡಿದುಕೊಳ್ಳುತ್ತೇನೆ ಎಂದಿದ್ದಾಳೆ ರುದ್ರಮ್ಮ.