ಹೊರಡದೆ ಉಳಿದ ಅಕ್ಕ

ಪಕ್ಕದ ಮನೆಯ ಅಕ್ಕನ ಬಲಗೈ ಹೆಬ್ಬೆರಳಿಗೆ ಉಗುರಿರಲಿಲ್ಲ. ಆ ಬೋಳು ಬೆರಳಿನಲ್ಲೇ ಮಲ್ಲಿಗೆ ಕಟ್ಟುತ್ತಿದ್ದರು. ಕೇಳಿದರೆ "ಬಾಗಿಲಿಗೆ ಸಿಕ್ಕಿದ್ದು ಮಾರಾಯ್ತಿ" ಎನ್ನುತ್ತಿದ್ದರು. ಇನ್ನೊಮ್ಮೆ ಕೇಳಿದಾಗ ಬಾವಿಯ ರಾಟೆ ಎಂದರು.

ಎಪ್ಪತ್ತರ ದಶಕದ ಕೊನೆಗೆ ನಮ್ಮೂರು ಅಲೆವೂರಿಗೆ ಬಂದವರು. ಗಂಡನಿಗೆ ಮಣಿಪಾಲದಲ್ಲಿ ರೇಡಿಯೋ ರಿಪೇರಿ. ಶಾಲೆಗೆ ಹೋಗುವ ಒಬ್ಬ ಮಗ. ಮೂಲ ಕಾಪು, ಬೆಳೆದದ್ದು ಬೊಂಬಾಯಿ ಎಂದಿದ್ದರು. ಅಚ್ಚ ತುಳು. ಅವರ ಕೋಳಿ ಸಾರಿನ ಮೇಲೆ ನನ್ನಮ್ಮನಿಗೆ ಹೊಟ್ಟೆಕಿಚ್ಚು. ನನ್ನ ಗಂಡ ಗಲ್ಫಿನಲ್ಲಿದ್ದುದರಿಂದ ಬಸುರಿಯಾದ ನನಗೆ ಅಕ್ಕನೇ ಜೊತೆ. ಅವರ ಒಳಕೋಣೆಗೆ ಮಾತ್ರ ಸದಾ ಬೀಗ. ನಾನು ಅತ್ತ ನೋಡಿದರೆ ಮಾತು ಬದಲಿಸುತ್ತಿದ್ದರು. ಆಗೆಲ್ಲ ನನಗೆ ಹೆದರಿಕೆಯಾಗುತ್ತಿತ್ತು.

ನನ್ನ ಸೀಮಂತದ ದಿನ ಅಮ್ಮ ಸುಮ್ಮನೆ ಕೇಳಿದಳು: "ನಿಮ್ಮ ಬಳಿ ಯಾವುದು?"

ಬಳಿ ಎಂದರೆ ನಮ್ಮಲ್ಲಿ ತಾಯಿಯಿಂದ ಬರುವ ಕುಲ. ಮದುವೆಯಾದರೂ ಹೆಂಗಸಿನ ಬಳಿ ಬದಲಾಗುವುದಿಲ್ಲ. ಒಂದೇ ಬಳಿಯವರು ಅಣ್ಣ ತಂಗಿಯರ ಲೆಕ್ಕ, ಅವರೊಳಗೆ ಮದುವೆಯಿಲ್ಲ. ಅಕ್ಕ ಹೇಳಿದ್ದು, ಹಿಂದೊಮ್ಮೆ ಅವರ ಗಂಡ ನನ್ನ ಸೋದರಮಾವನಿಗೆ ಹೇಳಿದ್ದ ಹೆಸರನ್ನೇ.

"ಅದು ನಿಮ್ಮ ಯಜಮಾನರದ್ದು. ನಿಮ್ಮದು ಎಂತ?"

"ಮದುವೆ ಆದ ಮೇಲೆ ಎರಡೂ ಒಂದೇ ಅಲ್ವಾ?"

ಅಕ್ಕನಿಗೆ ತುಳು, ಅಡುಗೆ ಎಲ್ಲ ಕಲಿಸಿ ನಮ್ಮೂರಿಗೆ ಕಳುಹಿಸಿದವರು ಇದೊಂದನ್ನು ಕಲಿಸಿರಲಿಲ್ಲ ಎಂಬುದು ಆಮೇಲೆ ತಿಳಿಯಿತು. ಅಮ್ಮ ಸಂಜೆಯೇ ಪೊಲೀಸಿನಲ್ಲಿದ್ದ ಆ ಸೋದರಮಾವನಿಗೆ ಹೇಳಿದಳು: "ಅವರು ನಮ್ಮ ಕಡೆಯವರೇ ಅಲ್ಲ. ಎಂತದೋ ಉಂಟು."

ಮರುದಿನ ಅಕ್ಕನ ಗಂಡ, ಮಗ ಇಬ್ಬರೂ ಇರಲಿಲ್ಲ. ಅಂದೇ ಅಮ್ಮ ಉಡುಪಿಗೆ ಹೋಗಿದ್ದಾಗ ನನಗೆ ದಿನ ತುಂಬುವ ಮೊದಲೇ ನೋವು ಬಂತು. ಕೂಗಿಕೊಂಡೆ. ಪೆಟ್ಟಿಗೆ ಹಿಡಿದು ಟ್ಯಾಕ್ಸಿ ಹತ್ತುತ್ತಿದ್ದ ಅಕ್ಕ ಅದನ್ನು ಅಲ್ಲೇ ಬಿಟ್ಟು ಓಡಿಬಂದರು. ಅದೇ ಟ್ಯಾಕ್ಸಿಯಲ್ಲಿ ನನ್ನನ್ನು ಆಸ್ಪತ್ರೆಗೆ ಕರೆದೊಯ್ದರು.

"ನೀವು ಹೋಗಿ ಅಕ್ಕ, ಮಾವ ಬರ್ತಾರೆ" ಎಂದೆ.

"ಗೊತ್ತುಂಟು. ನೀನು ಉಸಿರು ತಕೊ."

ಮಾವ ಬಂದಾಗ ಅಕ್ಕ ಹೆರಿಗೆ ಕೋಣೆಯ ಹೊರಗಿನ ಬೆಂಚಿನಲ್ಲಿ ಕೂತಿದ್ದರಂತೆ. ಮಾವನ ಜೊತೆಗೆ ಮಫ್ತಿಯ ಇಬ್ಬರು ಪೊಲೀಸರನ್ನು ಕಂಡರೂ ಏಳಲಿಲ್ಲವಂತೆ. "ಮಗು ಅಳಲಿ, ಆಮೇಲೆ ಬರ್ತೇನೆ" ಎಂದರಂತೆ. ಮಾವನೂ ಕಾದರು.

ಬೀಗದ ಕೋಣೆಯಲ್ಲಿ ಟ್ರಾನ್ಸ್‌ಮಿಟರ್ ಸಿಕ್ಕಿತು. ಕರಾವಳಿಯ ಹಡಗುಗಳ ಸುದ್ದಿ ಅಲ್ಲಿಂದ ಹೊರದೇಶಕ್ಕೆ ಹೋಗುತ್ತಿತ್ತು. ಗಂಡನೂ ಮಗನೂ ಪತ್ತೆಯಾಗಲಿಲ್ಲ. ಆ ಹುಡುಗ ನಿಜಕ್ಕೂ ಯಾರ ಮಗನೋ ಎಂದು ಈಗಲೂ ಯೋಚಿಸುತ್ತೇನೆ.

ಕೆಲವು ತಿಂಗಳಲ್ಲಿ ಅಕ್ಕ ಜೈಲಿನಲ್ಲೇ ತೀರಿಕೊಂಡರು. ಸುದ್ದಿ ತಂದ ಮಾವ, "ದೇಶದ್ರೋಹಿಗಾಗಿ ಅಳಬೇಡ" ಎಂದು ಗದರಿಸಿದರು. ಮಗಳಿಗೆ ಹಾಲೂಡಿಸುತ್ತಲೇ ನಾನು ಅತ್ತೆ.